ಸಂಘದ ಕಣ್ಣು

ಎಲ್ಲಾ ಶುರುವಾದದ್ದು ವಿಮಾನ ಹತ್ತಿದ ಒಂದು ಹಣ್ಣಿನಿಂದ.

ಹಣ್ಣು ತಂದವನು ತಕ್ಕಡಿಯಪ್ಪನ ಷಡ್ಡಕ. ಎದುರು ಮನೆಯಲ್ಲೇ ವಾಸ. ಮಗಳು ಪರೀಕ್ಷೆಯಲ್ಲಿ ಪಾಸಾದ ಖುಷಿಗೆ ಬೀದಿಯವರನ್ನೆಲ್ಲ ಊಟಕ್ಕೆ ಕರೆದಿದ್ದ. ಊಟ ಮುಗಿದು ಎಲ್ಲರೂ ಕೈ ಒರೆಸಿಕೊಳ್ಳುತ್ತಿದ್ದಾಗ ಗಾಜಿನ ತಟ್ಟೆಯಲ್ಲಿ ಅದನ್ನು ಮೆರವಣಿಗೆಯಂತೆ ತಂದಿಟ್ಟ. ಹೊಟ್ಟೆಯ ಮೇಲಿನ ಸ್ಟಿಕರನ್ನು ಬೇಕೆಂದೇ ಕಿತ್ತಿರಲಿಲ್ಲ.

"ತಿಂದು ನೋಡಿ ಭಾವ. ವಿಮಾನದಲ್ಲಿ ಬಂದಿದ್ದು. ಸಮುದ್ರ ದಾಟಿ ಬಂದಿದೆ."

ತಕ್ಕಡಿಯಪ್ಪ ತೂಕ ಮತ್ತು ಅಳತೆ ಇಲಾಖೆಯವನು. ಅಂಗಡಿಗಳ ತಕ್ಕಡಿಗಳನ್ನು ಪರೀಕ್ಷಿಸಿ ಮುದ್ರೆ ಒತ್ತುವುದು ಅವನ ಕೆಲಸ. ಆ ಹೆಸರು ಬೀದಿಯವರು ಇಟ್ಟದ್ದು. ಇಷ್ಟು ವರ್ಷ ದುಡಿದರೂ ಅವನು ಒಮ್ಮೆಯೂ ವಿಮಾನ ಹತ್ತಿರಲಿಲ್ಲ. ಒಂದು ಯಕಶ್ಚಿತ್ ಹಣ್ಣು ಹತ್ತಿತ್ತು. ಇದನ್ನು ಸಹಿಸಿಕೊಳ್ಳಲು ಸಂತನೇ ಆಗಿರಬೇಕು.

"ಬೇಡಪ್ಪ," ಎಂದ ತಟ್ಟೆಯನ್ನು ಬೆರಳ ತುದಿಯಿಂದ ದೂರ ತಳ್ಳಿ. "ನಮ್ಮ ಮನೇಲಿ ಒಂದು ಪದ್ಧತಿ ಇದೆ. ಮಾಳಿಗೆ ಮೇಲೆ ನಿಂತ್ರೆ ಎಷ್ಟು ನೆಲ ಕಣ್ಣಿಗೆ ಕಾಣುತ್ತೋ, ಅಷ್ಟರಲ್ಲಿ ಬೆಳೆದದ್ದನ್ನ ಮಾತ್ರ ತಿನ್ನೋದು. ಹಿಂದಿನವರು ಹಾಗೇ ಬದುಕಿದ್ರು. ಗಟ್ಟಿಯಾಗಿದ್ರು."

ಪಕ್ಕದಲ್ಲಿ ಕೂತಿದ್ದ ಅವನ ಅತ್ತೆಗೆ ಕೆಮ್ಮು ಬಂತು. ಆಕೆ ಅಂದು ಬೆಳಿಗ್ಗೆ ಅಳಿಯನ ಜೊತೆಗೇ ಕೂತು ಟೀಯಲ್ಲಿ ಬಿಸ್ಕತ್ತು ಅದ್ದಿ ತಿಂದಿದ್ದರು. ಬಿಸ್ಕತ್ತಿನ ಗಿಡವಾಗಲಿ ಟೀ ತೋಟವಾಗಲಿ ಮಾಳಿಗೆಯಿಂದ ಕಂಡ ನೆನಪು ಅವರಿಗಿರಲಿಲ್ಲ. ಹೆಂಡತಿ ಗಂಡನ ಮುಖ ನೋಡಿದಳು. ಮದುವೆಯಾದಾಗಿನಿಂದ ಇಂಥ ಮಾತುಗಳು ಅವನ ಬಾಯಿಂದ ಬರುವುದನ್ನೂ, ಮರುದಿನ ಅವು ಮರೆತುಹೋಗುವುದನ್ನೂ ಅವಳು ಬಲ್ಲಳು.

ಈ ಸಲ ಮರೆಯಲು ಬಿಡದವನೊಬ್ಬ ಪಂಕ್ತಿಯಲ್ಲಿದ್ದ. ತಕ್ಕಡಿಯಪ್ಪನ ಪಕ್ಕದ ಮನೆಯ ಕಂಡಕ್ಟರ್. ಬಸ್ಸಿನಿಂದ ನಿವೃತ್ತನಾಗಿದ್ದರೂ, ಟಿಕೆಟ್ಟಿಲ್ಲದೆ ಒಬ್ಬರನ್ನೂ ಬಿಡಬಾರದೆಂಬ ಸ್ವಭಾವ ಅವನಿಂದ ನಿವೃತ್ತವಾಗಿರಲಿಲ್ಲ. ಆ ಕ್ಷಣಕ್ಕೆ ಅವನ ಕೈಯಲ್ಲಿ ವಿಮಾನದ ಹಣ್ಣಿನ ಹೋಳಿತ್ತು. ಅದನ್ನು ಬಾಯಿಗೆ ಹಾಕಿ ನುಂಗಿ, ಕಣ್ಣಲ್ಲಿ ನೀರು ತಂದುಕೊಂಡ.

"ಸರ್, ಎಂಥಾ ಮಾತು ಹೇಳಿದ್ರಿ! ಇದು ನಿಮ್ಮ ಮನೇಲಿ ಮಾತ್ರ ಇದ್ರೆ ಸಾಲದು. ಇಡೀ ಬೀದಿಗೆ ಬೇಕು."

ಮರುದಿನ ಬೆಳಿಗ್ಗೆ ತಕ್ಕಡಿಯಪ್ಪ ಹಲ್ಲುಜ್ಜುತ್ತ ಹೊರಗೆ ಬಂದರೆ ಗೇಟಿನ ಮುಂದೆ ಅರ್ಧ ಬೀದಿ ನಿಂತಿತ್ತು. ಅವನು ಬಾಯಿ ಮುಕ್ಕಳಿಸುವಷ್ಟರಲ್ಲಿ 'ನೆಲದೂಟ ಸಂಘ' ಹುಟ್ಟಿ, ಅವನು ಅಧ್ಯಕ್ಷನೂ ಕಂಡಕ್ಟರ್ ಕಾರ್ಯದರ್ಶಿಯೂ ಆಗಿಬಿಟ್ಟಿದ್ದರು.

ಎಲ್ಲರೂ ತಕ್ಕಡಿಯಪ್ಪನ ಮಾಳಿಗೆ ಹತ್ತಿದರು. ಬೀದಿಗೆಲ್ಲ ಎತ್ತರದ ಮನೆ ಅದು. ಹತ್ತಿದ ಮೇಲೆ ಒಂದು ಮೂಲಭೂತ ಪ್ರಶ್ನೆ ಎದ್ದಿತು: ಕಣ್ಣಿಗೆ ಕಾಣುವಷ್ಟು ನೆಲ ಎಂದರೆ, ಯಾರ ಕಣ್ಣಿಗೆ?

"ನನಗೆ ಆ ಗುಡ್ಡದಾಚೆ ಬೆಟ್ಟಾನೂ ಕಾಣುತ್ತೆ," ಎಂದ ಷಡ್ಡಕ. ಅವನೂ ಬಂದಿದ್ದ, ತಮಾಷೆ ನೋಡಲು. "ದುರ್ಬೀನು ತಂದ್ರೆ ಇನ್ನೂ ದೂರ. ಚಂದ್ರನೂ ಕಾಣ್ತಾನಲ್ಲ ಭಾವ? ಅಲ್ಲಿ ಏನಾದ್ರೂ ಬೆಳೆದ್ರೆ ತಿನ್ನಬಹುದಾ?"

"ನನಗೆ ಏನೂ ಕಾಣಲ್ಲಪ್ಪ," ಎಂದರು ಕೆಳಗಿನಿಂದ ಅತ್ತೆ, ಮೆಟ್ಟಿಲು ಹತ್ತಲಾರದೆ. "ಹಾಗಾದ್ರೆ ನಾನು ಉಪವಾಸ ಸಾಯಬೇಕೇನು ಅಳಿಯಂದ್ರೇ?"

ಇಲಾಖೆಯ ಮನುಷ್ಯ ಎಚ್ಚೆತ್ತದ್ದು ಆಗ. ತಕ್ಕಡಿಯಪ್ಪ ಕೆಮ್ಮಿ ಗಂಟಲು ಸರಿಪಡಿಸಿಕೊಂಡ.

"ನೋಡಿ, ಎಲ್ಲರೂ ತಮ್ಮ ತಮ್ಮ ಮನೆ ಕಲ್ಲನ್ನೇ ಕಿಲೋ ಅಂದ್ರೆ ವ್ಯಾಪಾರ ನಡೆಯುತ್ತಾ? ಅಳತೆಗೆ ಮೂಲಮಾನ ಒಂದೇ ಇರಬೇಕು. ಈ ಮಾಳಿಗೆ ನಂದು. ಕಣ್ಣೂ ನಂದೇ ಇರಲಿ."

ತರ್ಕದಲ್ಲಿ ದೋಷವಿರಲಿಲ್ಲ. ದೋಷವಿದ್ದದ್ದು ಕಣ್ಣಿನಲ್ಲಿ. ತಕ್ಕಡಿಯಪ್ಪನ ದೃಷ್ಟಿ ಕೆಲವು ಕಾಲದಿಂದ ಮಂಜಾಗುತ್ತ ಬಂದಿತ್ತು. ಅವನು ಅದನ್ನು ಹವಾಮಾನವೆಂದು ತಿಳಿದಿದ್ದ. ಮಾಳಿಗೆಯ ಅಂಚಿಗೆ ಹೋಗಿ, ಹಣೆಗೆ ಕೈ ಅಡ್ಡ ಹಿಡಿದು, ಗಂಭೀರವಾಗಿ ನಾಲ್ಕೂ ದಿಕ್ಕು ನೋಡಿ ಘೋಷಿಸಿದ: "ನೀರಿನ ಟ್ಯಾಂಕಿನವರೆಗೆ. ಅದರಾಚೆ ಬರೀ ಬೆಳ್ಳಗೆ."

ಹೀಗೆ ಗಡಿ ನಿಂತಿತು. ಟ್ಯಾಂಕಿನ ಈಚೆ ಇದ್ದದ್ದು ಸೊಪ್ಪಿನಕ್ಕನ ಒಂದು ತುಂಡು ತೋಟ: ಸೊಪ್ಪು, ಅವರೆ ಚಪ್ಪರ, ಕುಂಬಳ. ಟ್ಯಾಂಕಿನ ಆಚೆ ಗುಡ್ಡದ ಮೈಯಲ್ಲಿ ಗೆಣಸಿನಣ್ಣನ ಹೊಲ. ಆತ ಇಷ್ಟು ವರ್ಷ ಬೆಳಿಗ್ಗೆ ಈ ಬೀದಿಗೇ ಸೈಕಲ್ ತುಳಿದು ಬಂದು ಗೆಣಸು, ಜೋಳ ಮಾರುತ್ತಿದ್ದವನು, ಆ ಹೊತ್ತಿನಿಂದ ಪರದೇಶಿಯಾದ. ಕಂಡಕ್ಟರ್ ಅವನ ಸೈಕಲ್ಲನ್ನು ಬೀದಿಯ ಬಾಯಲ್ಲೇ ತಡೆದು ಬುಟ್ಟಿಗೆ ಕೈ ಹಾಕಿದ.

"ಈ ಗೆಣಸು ಎಲ್ಲಿ ಹತ್ತಿದ್ದು?"

"ಹತ್ತಿದ್ದು ಅಂದ್ರೆ? ಅಗೆದಿದ್ದು ಸ್ವಾಮಿ. ಅಗೋ, ಅಲ್ಲೇ ಕಾಣ್ತಿದೆಯಲ್ಲ ಗುಡ್ಡ!"

"ನಿನಗೆ ಕಾಣುತ್ತೆ. ಅಧ್ಯಕ್ಷರಿಗೆ ಕಾಣಲ್ಲ. ಇಳಿ, ಇಳಿ."

ಉಪ್ಪಿನ ಪ್ರಶ್ನೆ ಸಂಘವನ್ನು ಒಡೆಯುವುದರಲ್ಲಿತ್ತು, ಏಕೆಂದರೆ ಟ್ಯಾಂಕಿನ ಈಚೆ ಸಮುದ್ರವಿರಲಿಲ್ಲ. ಉಪ್ಪು ಆಹಾರವಲ್ಲ, ಖನಿಜ ಎಂದು ತೀರ್ಪು ಕೊಟ್ಟು ತಕ್ಕಡಿಯಪ್ಪ ಅದನ್ನು ಉಳಿಸಿದ. ಹಾಗಾದರೆ ಸಕ್ಕರೆಯಲ್ಲೂ ಇಂಗಾಲವಿದೆಯಲ್ಲ, ಅದೂ ಖನಿಜವೇ ಎಂದು ಯಾರೋ ಸಿಹಿ ಆಸೆಯಿಂದ ಕೇಳಿದರು. ಅಧ್ಯಕ್ಷ ಒಪ್ಪಲಿಲ್ಲ. ಟೀ, ಸಕ್ಕರೆ, ಬಿಸ್ಕತ್ತು, ಪೊಟ್ಟಣದ ಕುರುಕಲು ಎಲ್ಲವೂ ಗಡೀಪಾರಾದವು. ಯಾರೂ ಕದ್ದು ತಿನ್ನದಂತೆ ಕಂಡಕ್ಟರ್ ದಿನಾ ಬೆಳಿಗ್ಗೆ ಕೋಲು ಹಿಡಿದು ಮನೆಮನೆಯ ಕಸದ ಡಬ್ಬಿ ಕೆದಕತೊಡಗಿದ. ಕಸದವನಿಗೆ ಕೆಲಸ ಹಗುರವಾಯಿತು. ತನ್ನ ಸ್ಥಾನಕ್ಕೆ ಬೇರೆಯವರನ್ನು ತಂದಿದ್ದಾರೆಂದು ಅವನು ಹೆದರಿಕೊಂಡ.

ಇನ್ನು ಮುಂದೆ ಅಧ್ಯಕ್ಷರ ಮಾಳಿಗೆಗೆ ಹೊರಗಿನವರು ಹತ್ತಬಾರದು, ವೀಕ್ಷಣೆಯ ಮೇಲೆ ಪ್ರಭಾವ ಬೀರಬಾರದು ಎಂದೂ ನಿಯಮವಾಯಿತು. ದಿನಾ ಸಂಜೆ ತಕ್ಕಡಿಯಪ್ಪ ಒಬ್ಬನೇ ಹತ್ತಿ ಗಡಿ ನೋಡಿ ಇಳಿಯುತ್ತಿದ್ದ.

ಕುಂಬಳಕಾಯಿಯ ಯುಗ ಶುರುವಾಯಿತು. ಕುಂಬಳದ ತಿರುಳು, ಕುಂಬಳದ ಸಿಪ್ಪೆ, ಕುಂಬಳದ ಹೂವು, ಹುರಿದ ಬೀಜ. ಹಿಂದಿನವರು ಏನನ್ನೂ ಬಿಸಾಡುತ್ತಿರಲಿಲ್ಲ ಎಂದು ತಕ್ಕಡಿಯಪ್ಪ ಊಟಕ್ಕೆ ಕೂತಾಗಲೆಲ್ಲ ಭಾಷಣ ಮಾಡಿದ. ಇದು ಸುಳ್ಳೇನಲ್ಲ. ಅವನ ಹೆಂಡತಿ ಸಿಪ್ಪೆಯನ್ನು ಕಲ್ಲಿನಲ್ಲಿ ಅರೆದು ಮಾಡುತ್ತಿದ್ದ ಚಟ್ನಿಗೆ ಬೆರಳು ನೆಕ್ಕುವಂಥ ರುಚಿಯಿತ್ತು. ಮಣ್ಣಿನ ಮಡಕೆಯಲ್ಲಿ ನಿಧಾನ ಬೆಂದ ಸೊಪ್ಪಿನ ಪರಿಮಳಕ್ಕೆ ಷಡ್ಡಕ ಎದುರು ಮನೆಯ ಕಿಟಕಿ ತೆರೆದು ನಿಂತಿರುತ್ತಿದ್ದ. ಅವಳು ಇದನ್ನೆಲ್ಲ ಸಂಘ ಹುಟ್ಟುವ ಮೊದಲೂ ಮಾಡುತ್ತಿದ್ದಳು. ಆಗ ಅದಕ್ಕೆ ಅಡುಗೆ ಎನ್ನುತ್ತಿದ್ದರು, ಈಗ ಚಳವಳಿ ಎನ್ನುತ್ತಾರೆ, ಅಷ್ಟೇ ವ್ಯತ್ಯಾಸ.

ಟೀ ಮಾತ್ರ ಕಷ್ಟವಾಯಿತು. ತಕ್ಕಡಿಯಪ್ಪ ಅದಕ್ಕೊಂದು ವೈಜ್ಞಾನಿಕ ದಾರಿ ಹುಡುಕಿದ್ದ. ನಿಯಮ ಇರುವುದು ಮನೆಯ ಮಾಳಿಗೆಗೆ. ಆಫೀಸಿನ ಮಾಳಿಗೆ ಬೇರೆ, ಅವನು ಅದನ್ನು ಹತ್ತಿಯೇ ಇರಲಿಲ್ಲ. ಅಳತೆಯೇ ನಡೆಯದ ಕಡೆ ತಪ್ಪು ಎಲ್ಲಿಂದ ಬಂತು? ಹಾಗೆಂದು ಆಫೀಸಿನ ಕ್ಯಾಂಟೀನಿನಲ್ಲಿ ದಿನಕ್ಕೆ ನಾಲ್ಕು ಸಲ ಕುಡಿದು, ಮನೆಗೆ ಬಂದು ಬಾಯಿ ತೊಳೆದು, "ಟೀ ಬಿಟ್ಟ ಮೇಲೆ ಎಷ್ಟು ಹಗುರ ಗೊತ್ತಾ!" ಎನ್ನುತ್ತಿದ್ದ.

"ಹೌದ್ರೀ," ಎನ್ನುತ್ತಿದ್ದಳು ಹೆಂಡತಿ, ಯಾಕೋ ಅತ್ತ ತಿರುಗಿ.

"ನನಗೂ ಹಾಗೇ ಅನ್ನಿಸುತ್ತೆ ಅಳಿಯಂದ್ರೇ," ಎನ್ನುತ್ತಿದ್ದರು ಅತ್ತೆ, ಬಾಯಿಗೆ ಸೆರಗು ಅಡ್ಡ ಹಿಡಿದು.

ಒಂದು ಸಂಜೆ ಮಾಳಿಗೆಯಿಂದ ಇಳಿದ ತಕ್ಕಡಿಯಪ್ಪನ ಮುಖ ಬೆಳಗುತ್ತಿತ್ತು. "ಸಂಘ ಶುರುವಾದಾಗಿಂದ ಈ ಬೀದಿಗೆ ಒಂದು ಕಳೆ ಬಂದಿದೆ ಕಣೇ! ಎಲ್ಲರ ಮನೆ ಮೇಲೂ ಬೆಳ್ಳಿ ಬೆಳ್ಳಿ ಹೊಳಪು. ಮಿಣಮಿಣ ಅನ್ನುತ್ತೆ. ಸಾತ್ವಿಕ ಆಹಾರದ ಪ್ರಭಾವ ಇರಬೇಕು."

"ಇರಬೇಕು," ಎಂದಳು ಹೆಂಡತಿ.

"ಅಂದ ಹಾಗೆ, ಮೇಲೆ ಆ ಒಡೆದ ತೊಟ್ಟಿ ಹತ್ರ ಹಸಿರು ಬೆಡ್‌ಶೀಟು ಎಷ್ಟು ದಿನ ಒಣಹಾಕ್ತೀಯಾ? ತೆಗೆಯೋದಲ್ವಾ?"

"ನಮ್ಮನೇಲಿ ಹಸಿರು ಬೆಡ್‌ಶೀಟೇ ಇಲ್ಲವಲ್ರೀ."

ಹೊಸದೊಂದು ಬೇಕೆಂದು ಹೀಗೆ ಸೂಚಿಸುತ್ತಿದ್ದಾಳೆ ಎಂದುಕೊಂಡು ತಕ್ಕಡಿಯಪ್ಪ ಮಾತು ಬದಲಿಸಿದ.

ಎಡವಟ್ಟು ಆದದ್ದು ಆಫೀಸಿನಲ್ಲಿ. ಒಬ್ಬ ಕಿರಾಣಿ ಅಂಗಡಿಯವನ ತಕ್ಕಡಿ ಪರೀಕ್ಷೆಗೆ ಬಂದಿತ್ತು. ತಕ್ಕಡಿಯಪ್ಪ ತೂಗಿ, ಒಂದು ತಟ್ಟೆ ಸದಾ ಕೆಳಗಿಳಿಯುವುದನ್ನು ಕಂಡು, ಅವನಿಗೆ ಗ್ರಾಹಕರ ರಕ್ತ ಹೀರುವವನೆಂದೂ ಸಮಾಜದ್ರೋಹಿಯೆಂದೂ ಬೈದ. ಅಂಗಡಿಯವನು ಎಲ್ಲವನ್ನೂ ಕೇಳಿಸಿಕೊಂಡು ಮೆಲ್ಲಗೆ ಹೇಳಿದ: "ಸ್ವಾಮಿ, ಆ ತಟ್ಟೇಲಿ ನಿಮ್ಮ ಕನ್ನಡಕ ಇದೆ."

ಮೇಲಧಿಕಾರಿ ಒಳಗೆ ಕರೆದರು. "ಮುಳ್ಳು ಕಾಣದವರು ತಕ್ಕಡಿಗೆ ಮುದ್ರೆ ಒತ್ತೋದು ಹೇಗ್ರೀ? ಕಣ್ಣು ಸರಿ ಮಾಡಿಸ್ಕೊಂಡು ಬನ್ನಿ. ಇಲ್ಲಾ ಅಂದ್ರೆ ಹಳೇ ಕಡತದ ಕೋಣೆ ಖಾಲಿ ಇದೆ, ಜಿರಲೆಗಳ ಜೊತೆ ಕೂತ್ಕೊಳ್ಳಿ. ಮುದ್ರೆ ಇಲ್ಲಿ ಬಿಟ್ಟು ಹೋಗಿ."

ಮುದ್ರೆ ಹೋದರೆ ತಕ್ಕಡಿಯಪ್ಪ ಯಾರು? ಬರೀ ಅಪ್ಪ. ಹೆಂಡತಿ ಅವನನ್ನು ಕಣ್ಣಿನ ಡಾಕ್ಟರ ಬಳಿಗೆ ಎಳೆದೊಯ್ದಳು.

"ಪೊರೆ ಬೆಳೆದಿದೆ," ಎಂದರು ಡಾಕ್ಟರು. "ಎರಡೂ ಕಣ್ಣಿಗೆ. ತಡಮಾಡಿದಷ್ಟೂ ಗಟ್ಟಿಯಾಗುತ್ತೆ, ಆಮೇಲೆ ಕಷ್ಟ. ಆಪರೇಷನ್ ಮಾಡಿಸಿದ್ರೆ ಗುಡ್ಡದ ಮೇಲಿನ ಮರಾನೂ ಎಣಿಸಬಹುದು."

ಗುಡ್ಡ! ಹೆಂಡತಿಗೆ ಕೇಳಿಸಿದ್ದು ಗಂಡನ ಕಣ್ಣು ಉಳಿಯುವ ಸುದ್ದಿ. ಬೀದಿಗೆ ಕೇಳಿಸಿದ್ದು ಗಡಿ ಸರಿಯುವ ಸುದ್ದಿ. ಅವರಿಬ್ಬರೂ ಮನೆ ಮುಟ್ಟುವ ಮೊದಲೇ ಸುದ್ದಿ ಮುಟ್ಟಿತ್ತು.

ಮೊದಲು ಬಂದವನು ಗೆಣಸಿನಣ್ಣ. "ಮಾಡಿಸ್ಕೊಳ್ಳಿ ಸ್ವಾಮಿ! ನನ್ನ ಹೊಲ ಗುಡ್ಡದ ಈ ಮೈಯಲ್ಲೇ ಇದೆ. ಬೇಕಾದ್ರೆ ದೊಡ್ಡದಾಗಿ ಬಿಳೀ ಬಾವುಟ ನೆಡ್ತೀನಿ, ಬೇಗ ಕಾಣ್ಲಿ ಅಂತ."

ಅವನು ಮೆಟ್ಟಿಲಿಳಿಯುವಾಗಲೇ ಸೊಪ್ಪಿನಕ್ಕ ಹತ್ತಿದಳು. "ಅಯ್ಯಾ, ಆಪರೇಷನ್ ಅಂದ್ರೆ ಸುಮ್ನೆ ಅಲ್ಲ. ನಮ್ಮ ಚಿಕ್ಕಪ್ಪ ಒಬ್ಬರು ಮಾಡಿಸ್ಕೊಂಡ ಮೇಲೆ ಹೆಂಡ್ತಿ ಮುಖ ನೋಡಿ ಹೆದರಿ ಮನೆ ಬಿಟ್ಟು ಹೋದ್ರು. ದೇವರು ಮಂಜು ಕೊಟ್ಟಿದ್ದಾನೆ ಅಂದ್ರೆ ಅದಕ್ಕೂ ಒಂದು ಅರ್ಥ ಇರುತ್ತೆ." ಹೇಳಿ ಒಂದು ಕುಂಬಳಕಾಯಿ ಇಟ್ಟು ಹೋದಳು. ಹೆಂಡತಿ ಬಾಗಿಲು ಸ್ವಲ್ಪ ಜೋರಾಗಿಯೇ ಹಾಕಿದಳು.

ಕಂಡಕ್ಟರ್ ತನ್ನ ಮನೆಯಂಗಳದಲ್ಲಿ ತುರ್ತುಸಭೆ ಕರೆದ. "ಅಧ್ಯಕ್ಷರ ಕಣ್ಣು ಈಗ ಅವರದ್ದಲ್ಲ, ನಮ್ಮೆಲ್ಲರದ್ದು. ಇವತ್ತು ಗುಡ್ಡ ಕಂಡ್ರೆ ನಾಳೆ ಬೆಟ್ಟ ಕಾಣುತ್ತೆ. ನಾಡಿದ್ದು ಟೀ ತೋಟ ಕಾಣುತ್ತೆ. ಆಮೇಲೆ ತತ್ವ ಎಲ್ಲಿ ಉಳೀತು ಸರ್?"

ಟೀ ತೋಟ ಎಂದೊಡನೆ ಸಭೆಯಲ್ಲಿ ಅರ್ಧ ಜನರ ಮುಖ ಅರಳಿದ್ದು ಮಂಜುಗಣ್ಣಿನ ಅಧ್ಯಕ್ಷನಿಗೆ ಕಾಣಲಿಲ್ಲ. ಅವನಿಗೆ ಕೇಳಿಸಿದ್ದು 'ನಮ್ಮೆಲ್ಲರ ಕಣ್ಣು' ಎಂಬ ಮಾತು ಮಾತ್ರ. ಜೀವಮಾನದಲ್ಲಿ ಅವನ ಯಾವ ಅಂಗಕ್ಕೂ ಇಷ್ಟು ಮರ್ಯಾದೆ ಸಿಕ್ಕಿರಲಿಲ್ಲ.

"ಹಾಗಾದ್ರೆ ಆಪರೇಷನ್ ಬೇಡ ಅಂತೀರಾ?" ಎಂದ ಮೃದುವಾಗಿ.

ಅಂಗಳದ ಬಾಗಿಲಲ್ಲಿ ನಿಂತಿದ್ದ ಹೆಂಡತಿ ಒಳಗೆ ಬಂದಳು. "ರೀ, ನಾಳೆ ನಿಮಗೆ ಮುಳ್ಳು ಕಾಣದೆ ಹೋದ್ರೆ ಜಿರಲೆ ಜೊತೆ ಕೂರೋರು ನೀವು. ಪೂರ್ತಿ ಕಾಣದೆ ಹೋದ್ರೆ ಕೈ ಹಿಡ್ಕೊಂಡು ನಡೆಸೋಳು ನಾನು. ಇವರ್ಯಾರಾದ್ರೂ ಬರ್ತಾರಾ ಕೇಳಿ."

ಸಭೆ ನೆಲ ನೋಡಿತು. ಕೊನೆಗೆ ಕಂಡಕ್ಟರ್ ಒಂದು ಮಧ್ಯಮ ಮಾರ್ಗ ಹುಡುಕಿದ.

"ತಾಯೀ, ಎರಡು ಕಣ್ಣಿವೆಯಲ್ಲ? ಬಲಗಣ್ಣು ನಿಮ್ಮದು, ಆಫೀಸಿಗೆ ಇಟ್ಕೊಳ್ಳಿ, ರಿಪೇರಿ ಮಾಡಿಸಿ. ಎಡಗಣ್ಣು ಸಂಘದ್ದು. ಅದನ್ನ ಮುಟ್ಟಬೇಡಿ. ಗಡಿ ನೋಡುವಾಗ ಬಲಗಣ್ಣು ಮುಚ್ಚಿಕೊಂಡ್ರಾಯ್ತು."

ನಿರ್ಣಯ ಸರ್ವಾನುಮತದಿಂದ ಪಾಸಾಯಿತು. "ಒಂದೊಂದಾಗಿಯೇ ಮಾಡೋದು ನಾವೂ," ಎಂದರು ಡಾಕ್ಟರು. "ಆದರೆ ಇನ್ನೊಂದು ಯಾರದ್ದೋ ಸಂಘದ್ದು ಅಂದ್ರಲ್ಲ, ಅದು ಅರ್ಥವಾಗಲಿಲ್ಲ." ತಕ್ಕಡಿಯಪ್ಪ ವಿವರಿಸಿದ. ಡಾಕ್ಟರು ಅವನ ಹೆಂಡತಿಯ ಕಡೆ ನೋಡಿ, ತಲೆಗೇನಾದರೂ ಪೆಟ್ಟು ಬಿದ್ದಿತ್ತೇ ಎಂದು ಕೇಳಿದರು.

ಆಪರೇಷನ್ ಸುಸೂತ್ರವಾಗಿ ಆಯಿತು. ಡಾಕ್ಟರು ಸರಿ ಎಂದ ಮೇಲೆ ಒಂದು ಬೆಳಿಗ್ಗೆ, ಹೊಸ ಕಣ್ಣಿಗೆ ಕಪ್ಪು ಕನ್ನಡಕ ಹಾಕಿಕೊಂಡು ತಕ್ಕಡಿಯಪ್ಪ ಮಾಳಿಗೆ ಹತ್ತಿದ. ಹಿಂದೆ ಹೆಂಡತಿ, ಅವಳ ಹೆಗಲು ಹಿಡಿದು, ಉಸಿರು ಬಿಡುತ್ತ ಅತ್ತೆ. ಮೊದಲ ದಿನ ಮೆಟ್ಟಿಲು ಹತ್ತಲಾರದವರು ಈಗ ಹತ್ತಲು ಯಾವಾಗ ಕಲಿತರೆಂದು ತಕ್ಕಡಿಯಪ್ಪನಿಗೆ ಹೊಳೆಯಲಿಲ್ಲ. ನಿಯಮದಂತೆ ಬೀದಿಯೆಲ್ಲ ಕೆಳಗೆ ನಿಂತು ಮುಖ ಮೇಲೆತ್ತಿತ್ತು. ಸೊಪ್ಪಿನಕ್ಕ ಕೈ ಜೋಡಿಸಿದ್ದಳು. ಗೆಣಸಿನಣ್ಣ ಸೈಕಲ್ ಹಿಡಿದು ತುದಿಗಾಲಲ್ಲಿದ್ದ. ದೂರದ ಗುಡ್ಡದಲ್ಲಿ ಬಿಳಿ ಬಟ್ಟೆಯೊಂದು ಪಟಪಟಿಸುತ್ತಿತ್ತು.

ಕಪ್ಪು ಕನ್ನಡಕ ತೆಗೆದು, ಪದ್ಧತಿಯಂತೆ ಬಲಗಣ್ಣು ಮುಚ್ಚಿ ಸಂಘದ ಕಣ್ಣಿನಿಂದ ನೋಡಿದ. ಟ್ಯಾಂಕು, ಅದರಾಚೆ ಬೆಳ್ಳಗೆ. ಮನೆಗಳ ಮೇಲೆ ಅದೇ ಬೆಳ್ಳಿ ಹೊಳಪು, ಮಿಣಮಿಣ. ಎದೆ ತುಂಬಿ ಬಂತು.

ಆಮೇಲೆ ಸುಮ್ಮನೆ, ಕುತೂಹಲಕ್ಕೆ, ಎಡಗಣ್ಣು ಮುಚ್ಚಿ, ಸ್ವಂತ ಕಣ್ಣಿನಿಂದ ನೋಡಿದ.

ಬಿಸ್ಕತ್ತಿನ ಪೊಟ್ಟಣ.

ಮತ್ತೆ ಸಂಘದ ಕಣ್ಣು: ಸಾತ್ವಿಕ ಕಾಂತಿ. ಸ್ವಂತ ಕಣ್ಣು: ಕುರುಕಲಿನ ಪೊಟ್ಟಣ, ಟೀ ಪೊಟ್ಟಣ, ಚಾಕೊಲೇಟಿನ ಬೇಗಡೆ. ಪ್ರತಿ ಮನೆಯ ಮೆಟ್ಟಿಲ ಕೋಣೆಯ ನೆತ್ತಿಯ ಮೇಲೆ, ಕೆಳಗಿನವರಿಗೆ ಕಾಣದಂತೆ, ಕಸದ ಡಬ್ಬಿಗೆ ಹಾಕಲಾಗದ ಒಂದೊಂದು ರಾಶಿ ಬಿಸಿಲಿಗೆ ಥಳಥಳಿಸುತ್ತಿತ್ತು. ಅತಿ ದೊಡ್ಡ ರಾಶಿ ಕಂಡಕ್ಟರ್ ಮನೆಯದು. ಗಾಳಿಗೆ ಹಾರದಂತೆ ಮೇಲೆ ಇಟ್ಟಿಗೆಯನ್ನೂ ಇಟ್ಟಿದ್ದ, ಶಿಸ್ತಿನ ಮನುಷ್ಯ. ಷಡ್ಡಕನ ಮಾಳಿಗೆಯೊಂದೇ ಖಾಲಿ. ಸಂಘ ಸೇರದೆ ಉಳಿದ ಅವನು ರಾಜಾರೋಷವಾಗಿ ಡಬ್ಬಿಗೇ ಹಾಕುತ್ತಿದ್ದ.

"ಸರ್," ಕೆಳಗಿನಿಂದ ಕಂಡಕ್ಟರ್ ಕೂಗಿದ, "ಏನು ಕಾಣ್ತಿದೆ ಸರ್?"

ತಕ್ಕಡಿಯಪ್ಪ ಅಂಚಿನಿಂದ ಕೆಳಗೆ ಬಗ್ಗಿ ನೋಡಿದ. "ಎಲ್ಲಾ ಕಾಣ್ತಿದೆ," ಎಂದ.

ಕುಂಬಳಕಾಯಿ ಕಳ್ಳ ಎಂದರೆ ಒಬ್ಬ ಹೆಗಲು ಮುಟ್ಟಿ ನೋಡಿಕೊಳ್ಳುವುದು ಗಾದೆ. ಇಲ್ಲಿ ಇಡೀ ಬೀದಿ ತನ್ನ ತನ್ನ ಮೆಟ್ಟಿಲ ಕೋಣೆಯ ನೆತ್ತಿ ನೋಡಿಕೊಂಡಿತು.

"ಸರ್," ಎಂದ ಕಂಡಕ್ಟರ್, ದನಿ ಬಿದ್ದುಹೋಗಿತ್ತು, "ಸಂಘದ ಕಣ್ಣಲ್ಲಿ ನೋಡಿ ಸರ್. ದಯವಿಟ್ಟು ಸಂಘದ ಕಣ್ಣಲ್ಲಿ ನೋಡಿ."

ತಕ್ಕಡಿಯಪ್ಪ ಬೈಯಲು ಬಾಯಿ ತೆರೆದ. ಆಗಲೇ ಕಣ್ಣು ತನ್ನದೇ ಮಾಳಿಗೆಯ ಮೂಲೆಗೆ ಹೊರಳಿತು. ಒಡೆದ ತೊಟ್ಟಿಯ ಮೇಲೆ ಒಣಹಾಕಿದ್ದ ಹಸಿರು ಬೆಡ್‌ಶೀಟಿಗೆ ಎಲೆಗಳಿದ್ದವು. ಹಳದಿ ಹೂವಿತ್ತು. ಗೋಡೆಗೆ ಒರಗಿ, ಇಷ್ಟು ದಪ್ಪದ ಒಂದು ಕುಂಬಳಕಾಯಿ ಕೂತಿತ್ತು. ಬುಡದಲ್ಲಿ ಕಪ್ಪಗೆ ಒಂದು ಮೊಳ ಟೀ ಚರಟ.

ಅವನು ತಿರುಗಿದ. ಹೆಂಡತಿ ಆಕಾಶ ನೋಡುತ್ತಿದ್ದಳು.

"ಅದೂ... ಚರಟ ಡಬ್ಬಿಗೆ ಹಾಕಿದ್ರೆ ಆ ಕಂಡಕ್ಟರ್ ಕೆದಕ್ತಾನಲ್ಲ," ಎಂದರು ಅತ್ತೆ. "ಅದಕ್ಕೇ ಇಲ್ಲಿ ಸುರೀತಿದ್ವಿ. ಕುಂಬಳದ ಬೀಜಾನೂ ಅದರ ಜೊತೇಲಿ ಬಂದಿರಬೇಕು. ನೀವು ದಿನಾ ಇಲ್ಲೇ ನಿಂತು ಟ್ಯಾಂಕು ನೋಡ್ತಿದ್ರಿ ಅಳಿಯಂದ್ರೇ. ಇದನ್ನ ನೋಡ್ಲೇ ಇಲ್ಲ."

"ಎಷ್ಟು ದಿನದಿಂದ ಕುಡೀತಿದ್ದೀರಿ?"

"ನೀವು ಆಫೀಸಲ್ಲಿ ಕುಡಿಯೋಕೆ ಶುರು ಮಾಡಿದ ದಿನದಿಂದ," ಎಂದಳು ಹೆಂಡತಿ. "ಬಾಯಿ ತೊಳೆದ್ರೆ ಅಂಗಿ ಮೇಲಿನ ಕಲೆ ಹೋಗುತ್ತೇನ್ರೀ?"

ತಕ್ಕಡಿಯಪ್ಪ ಅಂಗಿ ನೋಡಿಕೊಂಡ. ಹೊಸ ಕಣ್ಣು ನಿರ್ದಾಕ್ಷಿಣ್ಯವಾಗಿತ್ತು. ತಕ್ಕಡಿಯ ಎರಡೂ ತಟ್ಟೆ ಸಮವಾಗಿದ್ದ ಆ ಗಳಿಗೆಯಲ್ಲಿ ಅವನು ಅಂಚಿಗೆ ಹೋಗಿ ನಿಂತು ಘೋಷಿಸಿದ:

"ಮುಂದಿನ ತಿಂಗಳು ಸಂಘದ ಕಣ್ಣಿಗೂ ಆಪರೇಷನ್!"

ಒಬ್ಬರೂ ವಿರೋಧಿಸಲಿಲ್ಲ. ವಿರೋಧಿಸಲು ಅಲ್ಲಿ ಒಬ್ಬರೂ ಇರಲಿಲ್ಲ. ಎಲ್ಲರೂ ಪೊರಕೆ, ಗೋಣಿಚೀಲ ಹಿಡಿದು ತಮ್ಮ ತಮ್ಮ ಮಾಳಿಗೆ ಹತ್ತುತ್ತಿದ್ದರು. ಖಾಲಿ ಬೀದಿಯಲ್ಲಿ ಗೆಣಸಿನಣ್ಣ ಸೈಕಲ್ ನಿಲ್ಲಿಸಿ, ಸೊಪ್ಪಿನಕ್ಕನ ಬುಟ್ಟಿಯ ಪಕ್ಕ ತನ್ನ ಬುಟ್ಟಿ ಇಳಿಸಿದ. "ನಿನ್ನ ಚಿಕ್ಕಪ್ಪ ವಾಪಸ್ ಬಂದ್ರೇನಕ್ಕ?" ಎಂದು ಕೇಳಿದ. ಅವಳು ಒಂದು ಕಟ್ಟು ಸೊಪ್ಪು ಅವನ ಮೇಲೆ ಎಸೆದಳು. ಅವನು ಅದನ್ನು ಹಿಡಿದು, ಬದಲಿಗೆ ಎರಡು ಗೆಣಸು ಎಸೆದ.

ಸ್ವಲ್ಪ ಹೊತ್ತಿಗೆ ಕಂಡಕ್ಟರ್ ತಕ್ಕಡಿಯಪ್ಪನ ಮಾಳಿಗೆಗೆ ಬಂದ. ಬಟ್ಟೆಯೆಲ್ಲ ಧೂಳು. ಕ್ಷಮೆ ಕೇಳಲು ಬಂದಿದ್ದ. ಆದರೆ ಕುಂಬಳಕಾಯಿ ಕಂಡೊಡನೆ ಹಳೆಯ ಸರ್ವಿಸ್ ಎದ್ದು ಕೂತಿತು. ಬಳ್ಳಿಯ ಬುಡದ ಚರಟವನ್ನು ಬೆರಳಲ್ಲಿ ಕೆದಕಿದ.

"ಸರ್, ಕಾಯಿ ಇಲ್ಲೇ ಬೆಳೆದಿದ್ದು, ಸರಿ. ಆದ್ರೆ ಗೊಬ್ಬರ ಟೀದು. ಟೀ ಎಲ್ಲಿ..."

"ಮೊದ್ಲು ಕುಡಿ," ಎಂದು ಅತ್ತೆ ಅವನ ಕೈಗೆ ಬಿಸಿ ಲೋಟ ಇಟ್ಟರು. "ಮಧ್ಯಾಹ್ನ ಊಟಕ್ಕೂ ಇಲ್ಲೇ ಬಾ. ಸಿಪ್ಪೆ ಚಟ್ನಿ ಮಾಡ್ತಾಳೆ."

ಕಂಡಕ್ಟರ್ ಲೋಟ ನೋಡಿದ, ಕಾಯಿ ನೋಡಿದ. ಸಿಪ್ಪೆ ಚಟ್ನಿ ಎಂಬ ಮಾತು ಅವನೊಳಗೆ ಎಲ್ಲೋ ಇಳಿದು ಕೆಲಸ ಮಾಡಿತು. ನಿಂತಲ್ಲೇ ಕುಡಿದು, ಲೋಟದ ತಳದಲ್ಲಿ ಉಳಿದ ಚರಟವನ್ನು ಬಳ್ಳಿಯ ಬುಡಕ್ಕೆ ಎಚ್ಚರಿಕೆಯಿಂದ ಸುರಿದ. ಎಲ್ಲಿ ಹತ್ತಿದ್ದು ಎಂದು ಪೂರ್ತಿ ಕೇಳದೆ ಅವನು ಬಿಟ್ಟ ಮೊದಲ ಪ್ರಯಾಣಿಕ ಆ ಕುಂಬಳಕಾಯಿ.